ಅಡುಗೆಮನೆಯಲ್ಲಿ ಕ್ಯಾಮೆರಾ ಇಟ್ಟವಳು

ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್ ಪಕ್ಕದ ಬೀಸ್ಟನ್‌ನ ನಮ್ಮ ಬಾಡಿಗೆ ಮನೆಗೆ ಪ್ಲಾ ಬಂದ ದಿನ ಮೊದಲು ಮಾತಾಡಿಸಿದ್ದು ನಮ್ಮನ್ನಲ್ಲ, ಆ ಮನೆಯಲ್ಲಿ ಹಿಂದೆ ಯಾವಾಗಲೋ ಬದುಕಿ ಸತ್ತಿರಬಹುದಾದವರನ್ನು. ಸೂಟ್‌ಕೇಸುಗಳನ್ನು ಹೊಸ್ತಿಲ ಹೊರಗೇ ಬಿಟ್ಟು, ಬೂಟು ಕಳಚಿ, ಇಕ್ಕಟ್ಟಾದ ಹಜಾರದಲ್ಲಿ ಮೆಟ್ಟಿಲ ಕಡೆಗೆ ಮುಖ ಮಾಡಿ ನಿಂತು ಕೈಮುಗಿದಳು. ತನ್ನ ಭಾಷೆಯಲ್ಲಿ ತಗ್ಗಿದ ದನಿಯಲ್ಲಿ ಏನೇನೋ ಹೇಳಿದಳು. ಆಮೇಲೆ ಕೋಟಿನ ಜೇಬಿನಿಂದ ಕೆಂಪು ಸೋಡಾದ ಪುಟ್ಟ ಬಾಟಲಿ ತೆಗೆದು, ಮುಚ್ಚಳ ಬಿಚ್ಚಿ, ಅದಕ್ಕೊಂದು ಸ್ಟ್ರಾ ಹಾಕಿ, ಅಡುಗೆಮನೆಯ ಕಿಟಕಿಕಟ್ಟೆಯ ಮೇಲೆ ನೈವೇದ್ಯದ ಹಾಗೆ ಇಟ್ಟಳು. ಇದೆಲ್ಲ ಮುಗಿದ ಮೇಲೆಯೇ ನಮ್ಮ ಕಡೆ ತಿರುಗಿ ನಕ್ಕು, ತನ್ನ ಹೆಸರು ಹೇಳಿದ್ದು.

ಆ ಮನೆಯಲ್ಲಿ ಆಗ ನಾವಿಬ್ಬರೇ ಇದ್ದೆವು. ಔಷಧ ತಯಾರಿಕೆಯಲ್ಲಿ ಎಂ.ಎಸ್ಸಿ. ಮಾಡಲು ಮೈಸೂರಿನಿಂದ ಬಂದಿದ್ದ ನಾನು. ಹುಬ್ಬಳ್ಳಿಯಿಂದ ಬಂದು ಎಂಜಿನಿಯರಿಂಗ್ ಪಿ.ಎಚ್‌.ಡಿ. ಮಾಡುತ್ತಿದ್ದ ಇಮ್ತಿಯಾಜ್. ಬೇರೆ ಕನ್ನಡಿಗರ ಮುಂದೆ ಇಮ್ತಿಯಾಜ್ ಬೆಂಗಳೂರಿನವರ ಹಾಗೆ ಮಾತಾಡುತ್ತಿದ್ದ. ಗಾಬರಿಯಾದರೆ ಮಾತ್ರ ಊರಿನ ಮಾತು ಹೊರಬರುತ್ತಿತ್ತು. ಅವತ್ತು ಅವನು ನನ್ನ ಕಿವಿಯ ಹತ್ತಿರ ಬಗ್ಗಿ, "ಏನ್ ಮಾಡಾಕತ್ತಾಳ ಈಕಿ?" ಎಂದು ಕೇಳಿದ. ನನಗೂ ಗೊತ್ತಿರಲಿಲ್ಲ. ಪ್ಲಾಳನ್ನೇ ಕೇಳಿದೆವು. ಅವಳು ಗಂಭೀರವಾಗಿ ಹೇಳಿದಳು: "ಹೊಸಬಳು ಬಂದಿದೀನಿ, ಬೇಜಾರು ಮಾಡ್ಕೋಬೇಡಿ, ಜಾಸ್ತಿ ದಿನ ಇರಲ್ಲ ಅಂದೆ. ನೀವಿಬ್ಬರೂ ಬಂದಾಗ ಹೇಳಲಿಲ್ವಾ?"

ನಾವು ಹೇಳಿರಲಿಲ್ಲ. ಬಂದು ತಿಂಗಳುಗಳಾಗಿದ್ದವು. ಇಮ್ತಿಯಾಜನಿಗೆ ಅದು ಎಷ್ಟು ತಟ್ಟಿತೆಂದರೆ, ಮರುದಿನ ಬೆಳಿಗ್ಗೆ ಅವನು ಮೆಟ್ಟಿಲ ಬುಡದಲ್ಲಿ ನಿಂತು ಮೆಲ್ಲಗೆ ಸಲಾಂ ಹೇಳಿದ್ದನ್ನು ನಾನು ಕಂಡೆ. ಆದರೆ ಸಂಜೆ ಕಿಟಕಿಯಲ್ಲಿದ್ದ ಸೋಡಾ ಕುಡಿದು ಖಾಲಿ ಮಾಡಿದವನೂ ಅವನೇ.

ಇದು ತೊಂಬತ್ತರ ದಶಕದ ಕೊನೆಯ ಮಾತು. ಪ್ಲಾ ಥಾಯ್ಲೆಂಡಿನವಳು. ಬ್ಯಾಂಕಾಕಿನಿಂದ ಬಸ್ಸಿನಲ್ಲಿ ಒಂದು ಹಗಲು ಹೋಗಬೇಕಾದ ಯಾವುದೋ ಸಣ್ಣ ಪಟ್ಟಣದಲ್ಲಿ ಅವಳ ಅಪ್ಪನಿಗೆ ಅಕ್ಕಿ ಗಿರಣಿ ಇತ್ತು. ಅಪ್ಪ ಅವಳನ್ನು ಕಳಿಸಿದ್ದು ಬಿಸಿನೆಸ್ ಓದಲಿಕ್ಕೆ. ಅವಳು ನಾಟಿಂಗ್‌ಹ್ಯಾಮ್‌ನ ಒಂದು ಕಾಲೇಜಿನಲ್ಲಿ ಸಿನಿಮಾ ಕೋರ್ಸಿಗೆ ಸೇರಿಕೊಂಡು, ಅಪ್ಪ ಫೋನ್ ಮಾಡಿದಾಗಲೆಲ್ಲ ಮಾರ್ಕೆಟಿಂಗ್ ಬಗ್ಗೆ ಮಾತಾಡುತ್ತಿದ್ದಳು. ಪಾಸ್‌ಪೋರ್ಟಿನಲ್ಲಿದ್ದ ಅವಳ ಹೆಸರು ಎಷ್ಟು ಉದ್ದವಿತ್ತೆಂದರೆ ಬ್ಯಾಂಕಿನ ಕಾರ್ಡಿನ ಮೇಲೆ ಅರ್ಧ ಮಾತ್ರ ಹಿಡಿಸಿತ್ತು. ಪ್ಲಾ ಎನ್ನುವುದು ಮನೆಯಲ್ಲಿ ಕರೆಯುವ ಹೆಸರು. ಅವರ ಭಾಷೆಯಲ್ಲಿ ಮೀನು ಎಂದರ್ಥ. ಕುಳ್ಳಗೆ, ದುಂಡಗೆ ಇದ್ದಳು. ಕೂದಲನ್ನು ತಾನೇ ಕತ್ತರಿಸಿಕೊಳ್ಳುತ್ತಿದ್ದಳು, ಅದು ನೋಡಿದರೆ ಗೊತ್ತಾಗುತ್ತಿತ್ತು. ಅವಳ ಇಂಗ್ಲಿಷಿನಲ್ಲಿ ನಿನ್ನೆ, ಇವತ್ತು, ನಾಳೆಗಳ ಕ್ರಿಯಾಪದ ಎಲ್ಲಾ ಒಂದೇ. ಸತ್ತವರೂ ಇರುವವರೂ ಅವಳ ಮಾತಿನಲ್ಲಿ ಒಟ್ಟಿಗೇ ಇರುತ್ತಿದ್ದರು. "ನನ್ನ ಅಜ್ಜಿಗೆ ಹಲಸಿನ ಹಣ್ಣು ಇಷ್ಟ" ಎಂದು ಹೇಳಿದರೆ ಅಜ್ಜಿ ಇದ್ದಾರೋ ಇಲ್ಲವೋ ಎಂದು ಬೇರೆಯಾಗಿ ಕೇಳಬೇಕಿತ್ತು.

ಅವಳಿಗೆ ಬೇಕಾಗಿದ್ದುದು ದೆವ್ವದ ಸಿನಿಮಾ ಮಾಡುವುದು. ಆದರೆ ದೆವ್ವದ ಸಿನಿಮಾ ನೋಡಲು ಕೂತರೆ ಅವಳಿಗೆ ತಾಳ್ಮೆ ಕೆಡುತ್ತಿತ್ತು. ಬಾಗಿಲು ಕಿರುಗುಟ್ಟಿ, ಸಂಗೀತ ಜೋರಾಗಿ, ಬಿಳಿ ಬಟ್ಟೆಯವಳು ಎದ್ದು ಬಂದರೆ ಪ್ಲಾ ತೂಕಡಿಸುತ್ತಿದ್ದಳು. ಅವಳ ವಾದ ಸರಳವಾಗಿತ್ತು: ಬದುಕಿದ್ದಾಗ ದಿನಾ ಅನ್ನ ಮಾಡಿ, ಬಟ್ಟೆ ಮಡಚಿ, ಬಾಗಿಲು ಹಾಕಿದೆಯಾ ಎಂದು ಕೇಳುತ್ತಿದ್ದವರು ಸತ್ತ ಮೇಲೆ ಯಾಕೆ ಕಿರುಚಲು ಶುರುಮಾಡುತ್ತಾರೆ? ಅದನ್ನೇ ಮುಂದುವರಿಸುತ್ತಾರೆ. "ದೆವ್ವಕ್ಕೆ ಕೆಲಸ ಜಾಸ್ತಿ. ಹೆದರಿಸೋಕೆ ಟೈಮ್ ಎಲ್ಲಿದೆ?" ಎನ್ನುತ್ತಿದ್ದಳು.

ಕ್ಯಾಮೆರಾದ ವಿಷಯದಲ್ಲೂ ಅವಳದು ಒಂದೇ ಹಟ. ಕಾಲೇಜಿನ ಹುಡುಗರು ಕ್ಯಾಮೆರಾ ಹೆಗಲಿಗೇರಿಸಿ ಓಡುತ್ತಿದ್ದ ಕಾಲ ಅದು. ಪ್ಲಾ ಸ್ಟ್ಯಾಂಡ್ ಇಟ್ಟರೆ ಮುಗಿಯಿತು, ಅದು ಅಲ್ಲಿಂದ ಕದಲುತ್ತಿರಲಿಲ್ಲ. ಜನ ಬರಬೇಕು, ಇರಬೇಕು, ಹೋಗಬೇಕು. ಅವರು ಹೋದ ಮೇಲೂ ಸ್ವಲ್ಪ ಹೊತ್ತು ಖಾಲಿ ಕುರ್ಚಿಯನ್ನು ನೋಡಬೇಕು. ಒಮ್ಮೆ ನಾನು ತಡೆಯಲಾರದೆ, ಇದನ್ನೆಲ್ಲ ಯಾರು ಕೂತು ನೋಡುತ್ತಾರೆ ಎಂದು ಕೇಳಿದೆ. "ನಾನು ನೋಡ್ತೀನಿ. ನೀನು ಪಕ್ಕದಲ್ಲಿ ಕೂತ್ಕೋ. ಇಬ್ಬರಾದ್ವಿ" ಎಂದಳು.

ಅವಳನ್ನು ಬರ್ಮಿಂಗ್‌ಹ್ಯಾಮ್‌ನ ಹಾರ್ಬೋರ್ನ್ ಬಡಾವಣೆಗೆ ಕರೆದುಕೊಂಡು ಹೋದವಳು ನಾನೇ. ಅಲ್ಲಿನ ದೊಡ್ಡ ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದ ಡಾಕ್ಟರ್ ಶ್ರೀಧರ್ ಅವರ ಹೆಂಡತಿ ಜ್ಯೋತಿ ಮೈಸೂರಿನಲ್ಲಿ ನನಗೆ ಕಾಲೇಜಿನಲ್ಲಿ ಸೀನಿಯರ್. ನನಗೆ ಸ್ವಂತ ಅಕ್ಕನ ಹಾಗೆ. ಅವರ ಮಗುವಿನ ನಾಮಕರಣ ಇತ್ತು. ಬಾಣಂತನಕ್ಕೆಂದು ನಂಜನಗೂಡಿನಿಂದ ಶ್ರೀಧರ್ ಅವರ ತಾಯಿ ನಾಗರತ್ನಮ್ಮ ಬಂದಿದ್ದರು. ಊರಿಗೆ ಕಳಿಸಲು ಒಂದು ವಿಡಿಯೋ ಬೇಕೆಂದು ಜ್ಯೋತಿ ಅಕ್ಕ ಕೇಳಿದಾಗ, ನಮ್ಮ ಮನೆಯಲ್ಲೇ ಒಬ್ಬ ಸಿನಿಮಾದವಳಿದ್ದಾಳೆ ಎಂದು ನಾನು ಹೆಮ್ಮೆಯಿಂದ ಹೇಳಿಬಿಟ್ಟೆ.

ಪ್ಲಾ ಬಂದಳು. ಹಾಲ್‌ನಲ್ಲಿ ತೊಟ್ಟಿಲಿಗೆ ಹೂ ಕಟ್ಟಿತ್ತು. ಲೆಸ್ಟರ್‌ನಿಂದ ಬಂದಿದ್ದ ಪುರೋಹಿತರು ಹೊಗೆಯ ಅಲಾರಾಂ ಎಲ್ಲಿದೆ ಎಂದು ವಿಚಾರಿಸುತ್ತಿದ್ದರು. ಅವಳು ಎಲ್ಲರಿಗೂ ಕೈಮುಗಿದು, ಮನೆಯೆಲ್ಲ ಒಂದು ಸುತ್ತು ಹಾಕಿ, ಕೊನೆಗೆ ಅಡುಗೆಮನೆಯ ಮೂಲೆಯಲ್ಲಿ ಸ್ಟ್ಯಾಂಡ್ ಇಟ್ಟಳು. ಅಲ್ಲಿ ನಾಗರತ್ನಮ್ಮ ಒಬ್ಬಟ್ಟು ತಟ್ಟುತ್ತಿದ್ದರು. ಸ್ವಲ್ಪ ಹೊತ್ತಿಗೆ ಹಾಲ್‌ಗೆ ಬರುತ್ತಾಳೆ ಎಂದುಕೊಂಡೆ. ಬರಲಿಲ್ಲ.

ಒಂದು ವಾರದ ನಂತರ ಕ್ಯಾಸೆಟ್ ಹಾಕಿ ನೋಡಲು ಎಲ್ಲರೂ ಕೂತೆವು. ನಾಗರತ್ನಮ್ಮ ಕಣಕದ ಉಂಡೆ ಮಾಡುತ್ತಾರೆ, ಹೂರಣ ತುಂಬುತ್ತಾರೆ, ತಟ್ಟುತ್ತಾರೆ, ಬೇಯಿಸುತ್ತಾರೆ. ಹೆಂಗಸರು ಬಂದು ತುಪ್ಪ ಕೇಳಿ, ಇನ್ನೊಬ್ಬರ ಸೀರೆಯ ಬಗ್ಗೆ ಮಾತಾಡಿ ಹೋಗುತ್ತಾರೆ. ಶ್ರೀಧರ್ ಬಂದು ಕದ್ದು ಒಂದು ಒಬ್ಬಟ್ಟು ತಿನ್ನುತ್ತಾರೆ. ಮಂತ್ರ, ಮಗುವಿನ ಅಳು, ನಗು ಎಲ್ಲ ಗೋಡೆಯ ಆಚೆಯಿಂದ ಕೇಳಿಸುತ್ತದೆ. ಮಗುವಿನ ಕಿವಿಯಲ್ಲಿ ಹೆಸರು ಹೇಳುವ ಹೊತ್ತಿಗೆ ಹಾಲ್‌ನಲ್ಲಿ ಗದ್ದಲ ನಿಲ್ಲುತ್ತದೆ. ಆಗ ನಾಗರತ್ನಮ್ಮನವರ ಕೈಯೂ ನಿಲ್ಲುತ್ತದೆ. ಬಾಗಿಲ ಕಡೆ ಕತ್ತು ಚಾಚಿ, ಕಿವಿಗೊಟ್ಟು, ಹೆಸರು ಕೇಳಿಸಿಕೊಂಡು, ತುಟಿಯಲ್ಲೇ ಅದನ್ನು ಒಮ್ಮೆ ಹೇಳಿಕೊಂಡು, ಕಣ್ಣೊರೆಸಿಕೊಂಡು, ಕಾವಲಿಯ ಮೇಲಿದ್ದ ಒಬ್ಬಟ್ಟು ಮಗುಚುತ್ತಾರೆ.

ಗಂಡ ತೀರಿಕೊಂಡ ಮೇಲೆ ಶುಭಕಾರ್ಯಗಳಲ್ಲಿ ಮುಂದೆ ನಿಲ್ಲುವುದನ್ನು ಆಕೆ ತಾವಾಗಿಯೇ ಬಿಟ್ಟಿದ್ದರು. ಅವತ್ತು ಒಬ್ಬಟ್ಟಿನ ನೆವ ಇತ್ತು. ನಾವು ಯಾರೂ ಗಮನಿಸಿರಲಿಲ್ಲ.

ಶ್ರೀಧರ್‌ಗೆ ಮಾತ್ರ ಸಿಟ್ಟು ನೆತ್ತಿಗೇರಿತು. ತೊಟ್ಟಿಲಿಲ್ಲ, ಮಗುವಿಲ್ಲ, ಪುರೋಹಿತರಿಲ್ಲ, ಇದನ್ನು ಊರಿಗೆ ಹೇಗೆ ಕಳಿಸುವುದು ಎಂದು ನನ್ನನ್ನು ಕೇಳಿದರು. ನನ್ನ ಮುಖ ಸಣ್ಣದಾಯಿತು. ಪ್ಲಾ ಮಾತ್ರ ಸೋಫಾದ ತುದಿಯಲ್ಲಿ ಕೂತು, ಟೀವಿಯಲ್ಲಿದ್ದ ನಾಗರತ್ನಮ್ಮನವರನ್ನೂ ಪಕ್ಕದಲ್ಲಿದ್ದ ನಾಗರತ್ನಮ್ಮನವರನ್ನೂ ಒಂದಾದ ಮೇಲೊಂದರಂತೆ ನೋಡಿ ಸಂತೋಷಪಡುತ್ತಿದ್ದಳು. ಜ್ಯೋತಿ ಅಕ್ಕ ಗಂಡನಿಗೆ ಗೊತ್ತಿಲ್ಲದ ಹಾಗೆ ಕ್ಯಾಸೆಟ್ ಪೋಸ್ಟ್ ಮಾಡಿಬಿಟ್ಟರು. ಸ್ವಲ್ಪ ದಿನದಲ್ಲಿ ನಂಜನಗೂಡಿನಿಂದ ನಾಗರತ್ನಮ್ಮನವರ ತಂಗಿಯ ಫೋನ್ ಬಂತು. ಬೀದಿಯವರೆಲ್ಲ ಕೂತು ನೋಡಿದರಂತೆ, ಅಕ್ಕನನ್ನು ಇಷ್ಟು ಕಣ್ತುಂಬ ಎಂದೂ ನೋಡಿರಲಿಲ್ಲವಂತೆ. ಪುರೋಹಿತರ ಭಾಗ ಹಾಕದೆ ಇದ್ದುದೇ ಒಳ್ಳೆಯದಾಯಿತು, ಮಂತ್ರ ಎಲ್ಲಾ ಕಡೆ ಒಂದೇ ತಾನೇ, ಎಂದರಂತೆ.

ಅಲ್ಲಿಂದ ಮುಂದೆ ನಾಗರತ್ನಮ್ಮನವರಿಗೆ ಪ್ಲಾ ಎಂದರೆ ಪ್ರಾಣ. ಆ ಹೆಸರು ಅವರ ಬಾಯಲ್ಲಿ ನಿಲ್ಲದೆ ಪಲ್ಲವಿ ಎಂದು ಕರೆಯುತ್ತಿದ್ದರು. ಪ್ಲಾ ಅವರನ್ನು ನನ್ನ ಹಾಗೆಯೇ ಅಜ್ಜಿ ಎನ್ನುತ್ತಿದ್ದಳು. ವಾರಕ್ಕೊಮ್ಮೆಯಾದರೂ ಪಲ್ಲವಿಯನ್ನು ಕರೆದುಕೊಂಡು ಬಾ ಎಂದು ನನಗೆ ಫೋನ್ ಬರುತ್ತಿತ್ತು. ಅಜ್ಜಿಗೆ ಇಂಗ್ಲಿಷ್ ಇಲ್ಲ, ಅವಳಿಗೆ ಕನ್ನಡ ಇಲ್ಲ. ನಾನು ಮಧ್ಯೆ ಕೂತು ಅತ್ತಿಂದಿತ್ತ ಮಾತು ಸಾಗಿಸಲು ಹೋದರೆ ಇಬ್ಬರಿಗೂ ಅಡ್ಡಿಯಾಗುತ್ತಿತ್ತು. ಹುಣಸೆಹಣ್ಣು, ಬೆಲ್ಲ, ತೆಂಗಿನಕಾಯಿ, ಒಣಮೆಣಸಿನಕಾಯಿ ಅವರಿಬ್ಬರ ಮಧ್ಯೆ ಸಾಕಷ್ಟು ಮಾತಾಡುತ್ತಿದ್ದವು. ಒಂದು ದಿನ ನಾನು ಬಾಯಿ ತಪ್ಪಿ ಪ್ಲಾ ಎಂದರೆ ಮೀನು ಎಂದು ಹೇಳಿಬಿಟ್ಟೆ. ಅಜ್ಜಿಯ ಸೌಟು ಪಾತ್ರೆಯಲ್ಲೇ ನಿಂತಿತು. ಶುದ್ಧ ಸಸ್ಯಾಹಾರಿ ಅಡುಗೆಮನೆ. ಆಮೇಲೆ, "ಇರ್ಲಿ ಬಿಡು, ಮತ್ಸ್ಯಾವತಾರ" ಎಂದು ಅವಳ ತಟ್ಟೆಗೆ ಇನ್ನೊಂದು ಸೌಟು ಗೊಜ್ಜು ಹಾಕಿದರು.

ಕೋರ್ಸಿನ ಕೊನೆಗೆ ಪ್ಲಾ ಒಂದು ಚಿಕ್ಕ ಸಿನಿಮಾ ಮಾಡಿ ಒಪ್ಪಿಸಬೇಕಿತ್ತು. ಅವಳ ಕತೆಯಲ್ಲಿ ಒಂದು ಬಾಡಿಗೆ ಮನೆ. ಹಿಂದೆ ಅಲ್ಲಿದ್ದ ಹೆಂಗಸೊಬ್ಬಳು ಸತ್ತ ಮೇಲೂ ಅಡುಗೆಮನೆ ಬಿಟ್ಟು ಹೋಗಿಲ್ಲ. ಈಗಿನ ವಿದ್ಯಾರ್ಥಿಗಳು ಬರುತ್ತಾರೆ, ಟೀ ಮಾಡಿಕೊಂಡು ಹೋಗುತ್ತಾರೆ. ಅವಳು ತನ್ನ ಪಾಡಿಗೆ ಅಕ್ಕಿ ಆರಿಸುತ್ತಿರುತ್ತಾಳೆ. ಅವರಿಗೆ ಅವಳು ಕಾಣುವುದಿಲ್ಲ, ಅವಳಿಗೆ ಅವರು ಕೇಳಿಸುವುದಿಲ್ಲ. ಅಷ್ಟೇ. ಶೂಟಿಂಗ್ ನಮ್ಮ ಮನೆಯಲ್ಲೇ. ಇಮ್ತಿಯಾಜ್ ಉದ್ದದ ಕೋಲಿಗೆ ಮೈಕ್ ಕಟ್ಟಿ ಹಿಡಿಯುವವನು. ನಾನು ಟೀ ಮಾಡಿಕೊಂಡು ಹೋಗುವ ವಿದ್ಯಾರ್ಥಿ. ದೆವ್ವದ ಪಾತ್ರಕ್ಕೆ ಡಾರ್ಬಿಯಿಂದ ಒಬ್ಬ ನಾಟಕದ ನಟಿ ಬಂದಿದ್ದಳು. ಅವಳು ಅಕ್ಕಿ ತಟ್ಟೆಯನ್ನು ಕೈಗೆತ್ತಿಕೊಂಡರೆ ಅದರಲ್ಲಿ ಯಾರದೋ ಚಿತಾಭಸ್ಮ ಇದೆ ಎಂಬಂತೆ ನಡುಗುತ್ತಿದ್ದಳು. ಪ್ಲಾ ಅವಳಿಗೆ ಅನ್ನ ಸಾರು ಬಡಿಸಿ, ಪ್ರೀತಿಯಿಂದ ಬೀಳ್ಕೊಟ್ಟು, ಮರುದಿನವೇ ಅಜ್ಜಿಯನ್ನು ಕೇಳಲು ಹಾರ್ಬೋರ್ನ್‌ಗೆ ಹೊರಟಳು.

ಅಜ್ಜಿ ಕತೆ ಕೇಳಿ ಒಂದೇ ಪ್ರಶ್ನೆ ಕೇಳಿದರು. ಆ ಹೆಂಗಸು ಯಾಕೆ ಹೋಗಿಲ್ಲ? ಪ್ಲಾ ಸ್ವಲ್ಪ ಯೋಚಿಸಿ, ಗೊತ್ತಿಲ್ಲ ಎಂದಳು. "ಅಕ್ಕಿ ಆರಿಸೋದು ಮುಗಿದಿಲ್ಲ ಅದಕ್ಕೆ" ಎಂದು ಅಜ್ಜಿಯೇ ಹೇಳಿದರು. ನಾನು ಅದನ್ನು ಇಂಗ್ಲಿಷಿಗೆ ಮಾಡಿ ಹೇಳಿದಾಗ ಪ್ಲಾ ಎದ್ದು ಅಜ್ಜಿಯ ಕಾಲು ಮುಟ್ಟಿದಳು.

ಶ್ರೀಧರ್ ಒಪ್ಪಲಿಲ್ಲ. ಅವರದು ಕೆಟ್ಟ ಮನಸ್ಸಲ್ಲ. ಅಮ್ಮನಿಗೆ ಬಿ.ಪಿ. ಇದೆ, ವಿಸಿಟರ್ ವೀಸಾದ ಮೇಲೆ ಬಂದಿದ್ದಾರೆ, ಚಳಿ ಬೇರೆ ಎಂದರು. ಕೊನೆಗೆ ನಿಜವಾದ ಕಾರಣ ಹೊರಬಂತು. "ನಮ್ಮಮ್ಮ ಸತ್ತೋದವರ ಪಾರ್ಟ್ ಮಾಡೋದು ಬೇಡ ಸುಧಾ. ನನ್ನ ಕೈಲಿ ನೋಡಕ್ಕಾಗಲ್ಲ." ಅಜ್ಜಿ ಮಗನ ಮುಂದೆ ಆಗಲಿ ಎಂದು ತಲೆಯಾಡಿಸಿದರು. ಎರಡು ದಿನ ಬಿಟ್ಟು, ಸುಧಾಗೆ ಸಾರಿನಪುಡಿ ಮಾಡೋದು ಹೇಳಿಕೊಟ್ಟು ಬರುತ್ತೇನೆ ಎಂದು ಸೊಸೆಯ ಜೊತೆ ಬರ್ಮಿಂಗ್‌ಹ್ಯಾಮ್‌ನ ನ್ಯೂ ಸ್ಟ್ರೀಟ್ ಸ್ಟೇಷನ್ನಿಗೆ ಬಂದು, ರೇಷ್ಮೆ ಸೀರೆ ಇಟ್ಟ ಚೀಲ ಹಿಡಿದು ನನ್ನ ಜೊತೆ ರೈಲು ಹತ್ತಿದರು. ಆ ಸೀರೆಯನ್ನು ಬದಲಿಸಿ ಹಳೆಯ ನೂಲಿನ ಸೀರೆ ಉಡಿಸುವುದರಲ್ಲಿ ನನಗೂ ಪ್ಲಾಳಿಗೂ ಸಾಕುಸಾಕಾಯಿತು. ದೆವ್ವವಾದರೇನು, ಬೀದಿಯವರು ನೋಡುವುದಿಲ್ಲವೇ ಎನ್ನುವುದು ಅವರ ವಾದ.

ಮೊದಲ ದಿನ ಚೆನ್ನಾಗಿ ಕಳೆಯಿತು. ಎರಡನೆಯ ದಿನಕ್ಕೆ ಮುಖ್ಯವಾದ ಒಂದೇ ಶಾಟ್ ಬಾಕಿ, ಫಿಲ್ಮ್ ಕೂಡ ಒಂದೇ ರೀಲು ಬಾಕಿ. ಅದು ಹಾಳಾದರೆ ಕಾಲೇಜು ಇನ್ನೊಂದು ಕೊಡುವುದಿಲ್ಲ, ಕೊಳ್ಳುವ ಶಕ್ತಿ ನಮಗಿಲ್ಲ. ಮಧ್ಯಾಹ್ನದ ಬೆಳಕು ಅಡುಗೆಮನೆಯ ಮೇಜಿನ ಮೇಲೆ ಓರೆಯಾಗಿ ಬಿದ್ದಿತ್ತು. ಪ್ಲಾ ಅಜ್ಜಿಯ ಕಿವಿಯಲ್ಲಿ ಏನೋ ಹೇಳಿ, ಕ್ಯಾಮೆರಾದ ಹಿಂದೆ ಸ್ಟೂಲಿನ ಮೇಲೆ ಕೂತಳು. ರೀಲು ತಿರುಗತೊಡಗಿತು. ನಾನು ಒಳಗೆ ಹೋಗಿ, ಟೀ ಮಾಡಿಕೊಂಡು, ಅಜ್ಜಿಯನ್ನು ಕಾಣದವಳಂತೆ ಹೊರಗೆ ಬಂದು ಇಮ್ತಿಯಾಜನ ಪಕ್ಕ ನಿಂತೆ. ಅಜ್ಜಿ ಅಕ್ಕಿ ಆರಿಸುತ್ತಿದ್ದರು.

ಆಗ ಹಿತ್ತಿಲ ಬಾಗಿಲು ತೆರೆಯಿತು. ಶ್ರೀಧರ್ ಒಳಗೆ ಬಂದರು. ಜ್ಯೋತಿ ಅಕ್ಕನಿಗೆ ಎದುರಿಗೆ ಕೂತು ಸುಳ್ಳು ಹೇಳಿ ಅಭ್ಯಾಸವಿಲ್ಲ, ಬೆಳಿಗ್ಗೆಯೇ ಗಂಡನಿಗೆ ಎಲ್ಲ ಹೇಳಿಬಿಟ್ಟಿದ್ದರು. ಡ್ಯೂಟಿ ಮುಗಿಸಿ ನೇರವಾಗಿ ಕಾರು ಓಡಿಸಿಕೊಂಡು ಬಂದಿದ್ದ ಅವರ ಕೊರಳಲ್ಲಿ ಆಸ್ಪತ್ರೆಯ ಬ್ಯಾಡ್ಜ್ ಇನ್ನೂ ನೇತಾಡುತ್ತಿತ್ತು. ಕ್ಯಾಮೆರಾ ಇದ್ದುದು ಹಜಾರದ ಕತ್ತಲಲ್ಲಿ. ಅವರಿಗೆ ಅದು ಕಾಣಲಿಲ್ಲ. ಕಂಡದ್ದು ಅಮ್ಮ ಒಬ್ಬರೇ.

"ಅಮ್ಮಾ" ಎಂದರು.

ಅಜ್ಜಿ ತಲೆ ಎತ್ತಲಿಲ್ಲ. ಇಮ್ತಿಯಾಜ್ ಮೈಕ್ ಇಳಿಸಲು ಹೋದ. ಪ್ಲಾ ನಮ್ಮ ಕಡೆ ನೋಡದೆ ಒಂದು ಕೈ ಮೇಲೆತ್ತಿದಳು. ನಾವು ಇದ್ದಲ್ಲೇ ನಿಂತೆವು.

"ಅಮ್ಮಾ, ಏನಿದು, ಹೇಳದೆ ಕೇಳದೆ?" ಸಿಟ್ಟಿನಲ್ಲೇ ಇದ್ದರು. ಅಜ್ಜಿ ಒಂದು ಕಲ್ಲು ಹೆಕ್ಕಿ ಪಕ್ಕಕ್ಕಿಟ್ಟರು. ಶ್ರೀಧರ್ ಮತ್ತೆ ಕರೆದರು. ಮತ್ತೆ. ಪ್ರತಿ ಸಲ ಕರೆದಾಗಲೂ ದನಿಯಲ್ಲಿದ್ದ ಸಿಟ್ಟು ಒಂದಿಷ್ಟು ಕಳಚಿಹೋಗುತ್ತಿತ್ತು. ಅಜ್ಜಿಯ ಬೆರಳು ಅದೇ ನಿಧಾನದಲ್ಲಿ ಅಕ್ಕಿಯ ಮೇಲೆ ಓಡಾಡುತ್ತಿತ್ತು. ಕಣ್ಣು ಕೂಡ ಮಗನ ಕಡೆ ತಿರುಗಲಿಲ್ಲ. ಶ್ರೀಧರ್ ಎರಡು ಹೆಜ್ಜೆ ಮುಂದೆ ಬಂದು ಬಗ್ಗಿ ತಾಯಿಯ ಮುಖ ನೋಡಿದರು. "ಅಮ್ಮ, ನಾನು ಸೀನು" ಎಂದರು. ಅವರ ಮುದ್ದಿನ ಆ ಹೆಸರು ನಾನು ಅದುವರೆಗೆ ಕೇಳಿರಲಿಲ್ಲ. ಅವರು ಎದುರಿನ ಕುರ್ಚಿ ಎಳೆದು ಮೆಲ್ಲಗೆ ಕೂತರು. ಅಷ್ಟು ದೊಡ್ಡ ಡಾಕ್ಟರು ಮೇಜಿನ ಮೇಲೆ ಎರಡೂ ಕೈ ಇಟ್ಟುಕೊಂಡು, ಸ್ಕೂಲಿನಿಂದ ಬಂದು ಅಡುಗೆ ಆಗಲಿ ಎಂದು ಕಾಯುವ ಮಗುವಿನ ಹಾಗೆ, ತಾಯಿಯ ಕೈಯನ್ನೇ ನೋಡುತ್ತ ಕೂತುಬಿಟ್ಟರು. ಕಣ್ಣಲ್ಲಿ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳಲಿಲ್ಲ.

ರೀಲು ಮುಗಿದು ಕ್ಯಾಮೆರಾ ಪಟಪಟ ಎಂದಿತು. ಪ್ಲಾ ಉಸಿರಿನಷ್ಟೇ ಮೆಲ್ಲಗೆ ಕಟ್ ಹೇಳಿದಳು.

ಅಜ್ಜಿ ತಟ್ಟೆ ಸರಿಸಿ ಮಗನ ಕಡೆ ನೋಡಿದರು. "ಯಾವಾಗ ಹೊರಟ್ಯೋ? ಊಟ ಆಯ್ತಾ?"

ಶ್ರೀಧರ್ ಅಳುತ್ತ ನಗಲು ಶುರುಮಾಡಿದರು, ನಿಲ್ಲಿಸಲು ಅವರಿಂದ ಆಗಲಿಲ್ಲ. "ಒಂದು ನಿಮಿಷ ನನಗೆ ನಿಜವಾಗ್ಲೂ ಅನ್ನಿಸಿಬಿಡ್ತು" ಎಂದರು. ಅಮ್ಮನ ಕೈ ಬೆಚ್ಚಗಿದೆಯೇ ಎಂಬಂತೆ ಹಿಡಿದು ನೋಡಿದರು. ಅವತ್ತು ಎಲ್ಲರೂ ಅದೇ ಮೇಜಿನಲ್ಲಿ ಕೂತು, ಅಜ್ಜಿ ಆರಿಸಿದ ಅಕ್ಕಿಯ ಅನ್ನವನ್ನೇ ಉಂಡೆವು. ಮಗ ಕೈತೊಳೆಯಲು ಹೋದಾಗ ನಾನು ಅಜ್ಜಿಯನ್ನು ಕೇಳಿದೆ, ನಿಮಗೆ ಕೇಳಿಸಲೇ ಇಲ್ಲವೇ ಎಂದು.

"ಕೇಳಿಸ್ದೆ ಇರತ್ತೇನೇ? ಎದ್ದು ಹೋಗಿ ತಬ್ಕೊಳ್ಳೋಣ ಅಂತ ಜೀವ ಹೊಡ್ಕೋತಿತ್ತು. ಆದ್ರೆ ಆ ಮಗು ಹತ್ರ ಇನ್ನೊಂದು ರೀಲು ಇರ್ಲಿಲ್ವಲ್ಲ."

ಕಾಲೇಜಿನ ಮೇಷ್ಟರೊಬ್ಬರು ಸಿನಿಮಾ ನೋಡಿ, ಆ ಗಂಡಸಿನ ಮಾತಿಗೆ ಇಂಗ್ಲಿಷ್ ಸಬ್‌ಟೈಟಲ್ ಹಾಕು, ಇಲ್ಲವಾದರೆ ಅವನನ್ನು ತೆಗೆದುಹಾಕು ಎಂದರು. ಪ್ಲಾ ಎರಡನ್ನೂ ಮಾಡಲಿಲ್ಲ. ಅಮ್ಮ ಎನ್ನುವುದಕ್ಕೆ ಸಬ್‌ಟೈಟಲ್ ಹಾಕಿದರೆ ನೋಡುವವರಿಗೆ ಅವಮಾನ ಎಂದು ನಗುತ್ತಲೇ ವಾದಿಸಿದಳು. ಮಾರ್ಕ್ಸು ಕಡಿಮೆ ಬಂತು. ಆದರೆ ಸಿನಿಮಾ ಯೂರೋಪಿನ ಒಂದೆರಡು ಚಿತ್ರೋತ್ಸವಗಳಿಗೆ ಹೋಯಿತು. ಇನ್ನು ಮುಚ್ಚಿಡಲಾಗದೆ ಅಪ್ಪನಿಗೂ ಹೇಳಬೇಕಾಯಿತು. ಅವರು ಫೋನಿನಲ್ಲಿ ಕತೆಯನ್ನೆಲ್ಲ ಕೇಳಿಸಿಕೊಂಡು, ಆ ಮುದುಕಿ ಆರಿಸುತ್ತಿದ್ದುದು ಯಾವ ತಳಿಯ ಅಕ್ಕಿ ಎಂದು ಕೇಳಿದರಂತೆ. ಪ್ಲಾ ಅದನ್ನು ಆಶೀರ್ವಾದ ಎಂದೇ ತೆಗೆದುಕೊಂಡಳು.

ಊರಿಗೆ ಹೋದ ಮೇಲೆ ಅವಳು ಕೆಲಕಾಲ ಬ್ಯಾಂಕಾಕಿನಲ್ಲಿ ಜಾಹೀರಾತು ಮಾಡಿದಳು. ಒಂದು ನೂಡಲ್ಸ್ ಜಾಹೀರಾತಿನಲ್ಲಿ ಯಾರೂ ನಗುವುದಿಲ್ಲ, ಒಬ್ಬ ಮುದುಕ ಬಟ್ಟಲು ಖಾಲಿಯಾಗುವವರೆಗೆ ತಿನ್ನುತ್ತಾನೆ, ಅಷ್ಟೇ. ಕಂಪನಿಯವರು ಅವಳನ್ನು ಮತ್ತೆ ಕರೆಯಲಿಲ್ಲ. ಆಮೇಲೆ ಸಾಲಸೋಲ ಮಾಡಿ ಮೊದಲ ದೊಡ್ಡ ಸಿನಿಮಾ ಮಾಡಿದಳು: ಪುಟ್ಟ ಪಟ್ಟಣದ ಲಾಂಡ್ರಿಯೊಂದರಲ್ಲಿ ಸತ್ತ ಗಂಡ ಬಂದು ಇಸ್ತ್ರಿ ಸರಿಯಿಲ್ಲವೆಂದು ಹೆಂಡತಿಯ ಜೊತೆ ಜಗಳವಾಡುವ ಕತೆ. ಅರ್ಧಕ್ಕೇ ಜನ ಎದ್ದುಹೋದರು ಎಂದು ಅವಳೇ ಇಮೇಲಿನಲ್ಲಿ ಖುಷಿಯಿಂದ ಬರೆದಿದ್ದಳು. ಎದ್ದುಹೋಗುವಾಗ ಒಬ್ಬ ಹೆಂಗಸು ಬಾಗಿಲಲ್ಲಿ ನಿಂತು ತಿರುಗಿ ನೋಡಿದಳಂತೆ, ಅವಳಿಗೋಸ್ಕರ ಮುಂದಿನದು ಮಾಡುತ್ತೇನೆ ಎಂದಿದ್ದಳು. ಮುಂದಿನದರಲ್ಲಿ ಒಂದು ಇಡೀ ಸಂಸಾರ ಸತ್ತ ಅಜ್ಜಿಯ ಕೈಲಿ ಬೈಸಿಕೊಳ್ಳುತ್ತದೆ. ಅದು ಓಡಿತು. ಮಾಲ್‌ಗಳಲ್ಲಿ ಮಕ್ಕಳುಮರಿ ಕರೆದುಕೊಂಡು ಹೋಗಿ ಜನ ನಕ್ಕರು. ಅದರಲ್ಲೂ ಕ್ಯಾಮೆರಾ ಕದಲುವುದಿಲ್ಲ. ಇಷ್ಟವಾದವರು ಅದನ್ನು ಶೈಲಿ ಎಂದರು, ಇಷ್ಟವಾಗದವರು ಸೋಮಾರಿತನ ಎಂದರು. ಎರಡೂ ನಿಜ ಎಂದು ಅವಳು ಒಪ್ಪಿಕೊಂಡಳು.

ಬೆಂಗಳೂರಿಗೆ ಒಂದು ಚಿತ್ರೋತ್ಸವಕ್ಕೆ ಬಂದವಳು ನಂಜನಗೂಡಿಗೂ ಹೋಗಿದ್ದಳು. ಅಜ್ಜಿಯ ಮನೆಯ ಟೀವಿಯಲ್ಲಿ ಬೀಸ್ಟನ್‌ನ ಸಿನಿಮಾ ಹಾಕಿ ಬೀದಿಯವರಿಗೆಲ್ಲ ತೋರಿಸಿದಳಂತೆ. ಅಜ್ಜಿಗೆ ಎಲ್ಲ ಹಿಡಿಸಿತು, ಸೀರೆ ಒಂದನ್ನು ಬಿಟ್ಟು. ಅಷ್ಟು ಜನರ ಮುಂದೆ ಪಲ್ಲವಿ ನನಗೆ ಆ ಮಾಸಲು ಸೀರೆ ಉಡಿಸಿದಳಲ್ಲ ಎಂದು ಕೊನೆಯವರೆಗೂ ಜ್ಯೋತಿ ಅಕ್ಕನ ಬಳಿ ಹೇಳುತ್ತಿದ್ದರು. ಮರುವರ್ಷ, ನಿದ್ದೆಯಲ್ಲೇ ಹೋದರು. ಸುದ್ದಿ ತಿಳಿಸಿದಾಗ ಪ್ಲಾ ಒಂದೇ ಸಾಲು ಬರೆದಳು: ಅಜ್ಜಿಗೆ ಅಕ್ಕಿ ಆರಿಸೋದು ಇಷ್ಟ.

ಕೊನೆಯ ಸಲ ಅವಳನ್ನು ಕಂಡದ್ದು ಮ್ಯಾಂಚೆಸ್ಟರಿನಲ್ಲಿ. ಅಷ್ಟು ಹೊತ್ತಿಗೆ ನನಗೆ ಮದುವೆಯಾಗಿ, ಮ್ಯಾಕಲ್ಸ್‌ಫೀಲ್ಡ್‌ನಲ್ಲಿ ಮಾತ್ರೆ ತಯಾರಿಸುವ ಕಾರ್ಖಾನೆಯಲ್ಲಿ ಕೆಲಸವಾಗಿ, ಮನೆಯ ಮಾರ್ಟ್‌ಗೇಜ್ ಸಾಲ ಹೆಗಲೇರಿತ್ತು. ಅವಳ ಮೂರನೆಯ ಸಿನಿಮಾವನ್ನು ಒಂದು ಭಾನುವಾರದ ಮಧ್ಯಾಹ್ನ ಅಲ್ಲಿ ತೋರಿಸಿದರು, ಅವಳೂ ಬಂದಿದ್ದಳು. ಶ್ರೀಧರ್, ಜ್ಯೋತಿ ಅಕ್ಕ, ಅವರ ಮಗಳು ಬರ್ಮಿಂಗ್‌ಹ್ಯಾಮ್‌ನಿಂದ ಬಂದರು. ಕ್ಯೂನಲ್ಲಿ ಹಿಂದೆ ನಿಂತಿದ್ದ ಇಬ್ಬರು ವಿದ್ಯಾರ್ಥಿಗಳಿಗೆ ಶ್ರೀಧರ್, ತಾನು ಈ ಡೈರೆಕ್ಟರ್ ಜೊತೆ ಆ್ಯಕ್ಟ್ ಮಾಡಿದ್ದೇನೆ, ಒಂದೇ ಟೇಕ್‌ನಲ್ಲಿ ಓಕೆ ಆಯಿತು ಎಂದು ಹೇಳುತ್ತಿದ್ದರು. ಮಗಳು "ಡ್ಯಾಡ್, ಪ್ಲೀಸ್" ಎಂದು ಮುಖ ಮುಚ್ಚಿಕೊಂಡಳು.

ಸಿನಿಮಾ ಮುಗಿದು ಅವರೆಲ್ಲ ಹೊರಟ ಮೇಲೆ ನಾನೂ ಪ್ಲಾಳೂ ಹತ್ತಿರದ ಒಂದು ಕೆಫೆಯಲ್ಲಿ ಕೂತೆವು. ಅವಳ ಕೂದಲಿನಲ್ಲಿ ಒಂದಿಷ್ಟು ಬಿಳಿ ಬಂದಿತ್ತು. ಈಗಲೂ ತಾನೇ ಕತ್ತರಿಸಿಕೊಳ್ಳುತ್ತಿದ್ದಳು. ಅವಳ ಪ್ರಯಾಣಗಳ ಬಗ್ಗೆ, ಪ್ರಶಸ್ತಿಗಳ ಬಗ್ಗೆ ಕೇಳಬೇಕೆಂದು ನಾನು ಹೋಗಿದ್ದೆ. ಅವಳು ನನ್ನ ಕೆಲಸ ಏನು ಎಂದು ಕೇಳಿದಳು. ಮಾತ್ರೆಗಳನ್ನು ಪರೀಕ್ಷಿಸುವುದು ಎಂದು ಹೇಳಿ ಮುಗಿಸಿದೆ. ಹೇಗೆ ಎಂದಳು. ನೀರಿನಲ್ಲಿ ಕರಗಲು ಎಷ್ಟು ಹೊತ್ತು ಬೇಕೆಂದು ನೋಡುತ್ತೇವೆ ಎಂದೆ. ಕರಗುವಾಗ ಹೇಗೆ ಕಾಣುತ್ತದೆ ಎಂದಳು. ಅಂಚು ಮೊದಲು ಮಸುಕಾಗುತ್ತದೆ, ಆಮೇಲೆ ಹೊಗೆಯ ಹಾಗೆ ಬಿಡಿಸಿಕೊಳ್ಳುತ್ತದೆ ಎಂದೆ. ಅಷ್ಟು ವರ್ಷ ದಿನಾ ನೋಡಿದ್ದನ್ನು ನಾನು ಯಾರಿಗೂ ಹೇಳಿರಲಿಲ್ಲ. ಯಾರೂ ಕೇಳಿರಲಿಲ್ಲ, ನನ್ನ ಗಂಡ ಕೂಡ. ಅವಳು ಮೇಜಿನ ಮೇಲೆ ಗಲ್ಲವೂರಿ, ನನ್ನ ಮುಖದಿಂದ ಕಣ್ಣು ತೆಗೆಯದೆ ಕೇಳುತ್ತಿದ್ದಳು. ಹೇಳುತ್ತ ಹೇಳುತ್ತ ನನಗೇ ನನ್ನ ಕೆಲಸ ಚೆಂದ ಕಂಡಿತು. ಕಾಫಿ ಆರಿ ತಣ್ಣಗಾಗಿತ್ತು.

ಸ್ಟೇಷನ್ನಿಗೆ ಬಿಡುತ್ತೇನೆ ಎಂದೆ. ಬೇಡ, ಬಸ್ಸಿನಲ್ಲಿ ಹೋಗುತ್ತೇನೆ ಎಂದಳು. ನನ್ನ ಕೈಗಳನ್ನು ಹಿಡಿದು ಒಮ್ಮೆ ಅದುಮಿ, ರಸ್ತೆ ದಾಟಿ ಸ್ಟಾಪಿನಲ್ಲಿ ನಿಂತಳು. ನಾನು ಕಾರು ತೆಗೆದುಕೊಂಡು ಬರುವಷ್ಟರಲ್ಲಿ ಸಿಗ್ನಲ್ ಕೆಂಪಾಯಿತು, ಸ್ಟಾಪಿನ ಎದುರಿಗೇ ನಿಂತೆ. ಅಲ್ಲಿ ಬೆಂಚಿನ ಮೇಲೆ ಟೋಪಿ ಹಾಕಿದ ಒಬ್ಬ ಮುದುಕ ಕೂತಿದ್ದ. ತರಕಾರಿ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು, ಕೈ ಆಡಿಸುತ್ತ, ಅವಳಿಗೆ ಏನೋ ಹೇಳುತ್ತಿದ್ದ. ಪ್ಲಾ ಅವನ ಪಕ್ಕ ಕೂತು, ಸ್ವಲ್ಪ ಮುಂದೆ ಬಾಗಿ ಕೇಳುತ್ತಿದ್ದಳು. ಅವಳ ಬಸ್ಸು ಬಂತು. ನಿಂತಿತು. ಜನ ಹತ್ತಿದರು. ಡ್ರೈವರ್ ಒಂದು ಕ್ಷಣ ಅವರಿಬ್ಬರ ಕಡೆ ನೋಡಿ, ಬಾಗಿಲು ಹಾಕಿಕೊಂಡು ಹೊರಟುಹೋದ. ಪ್ಲಾ ಏಳಲಿಲ್ಲ. ಮುದುಕನ ಮಾತು ಇನ್ನೂ ಮುಗಿದಿರಲಿಲ್ಲ.